ತಿದ್ದುಪಡಿಗೆ ಹಿಡಿದ 161 ವರ್ಷ

ಹಳೇ ಕನ್ನಡ ಪುಸ್ತಕ ಕೈಗೆ ಸಿಕ್ಕಿದರೆ ಮುನ್ನುಡಿಗಿಂತ ಮೊದಲು ನಾನು ಹುಡುಕುವುದು "ತಪ್ಪು-ಒಪ್ಪು" ಪುಟವನ್ನು. ಕೆಲವು ಪುಸ್ತಕಗಳಲ್ಲಿ ಅದಕ್ಕೆ "ಶುದ್ಧಿಪತ್ರ" ಅಂತ ಹೆಸರು. ಪುಟ, ಸಾಲು, ತಪ್ಪು, ಒಪ್ಪು ಅಂತ ಒಂದು ಪಟ್ಟಿ. ಎಷ್ಟೋ ಸಲ ಅದು ಪುಸ್ತಕಕ್ಕೆ ಹೊಲಿದೇ ಇರುವುದಿಲ್ಲ, ಬೇರೆ ಚೀಟಿಯಲ್ಲಿ ಅಚ್ಚಾಗಿ ಒಳಗೆ ಸಿಕ್ಕಿಸಿರುತ್ತೆ. ಅದನ್ನು ಯಾರೂ ಓದುವುದಿಲ್ಲ ಅಂತ ಲೇಖಕರಿಗೂ ಗೊತ್ತು, ಮುದ್ರಕರಿಗೂ ಗೊತ್ತು. ಆದರೂ ಹಾಕ್ತಾರೆ ನೋಡಿ, ಅದು ನನಗೆ ಇಷ್ಟ. "ಇಲ್ಲಿ ನಾವು ಎಡವಿದ್ದೀವಿ, ನೀವು ನೋಡಿಕೊಂಡು ಕಾಲಿಡಿ" ಅಂತ ಬಾಗಿಲಲ್ಲೇ ನಿಂತು ಹೇಳಿದ ಹಾಗೆ.

ಓಲೆಗರಿ ಕಾಲದಲ್ಲಿ ಪ್ರತಿ ಮಾಡುವವರು ಕೊನೆಯಲ್ಲಿ ಇದೇ ಕೆಲಸವನ್ನು ಬೇರೆ ಥರ ಮಾಡ್ತಿದ್ದರು. ಕಷ್ಟಪಟ್ಟು ಬರೆದಿದ್ದೇನೆ, ತಪ್ಪಿದ್ದರೆ ಬಲ್ಲವರು ತಿದ್ದಿ ಓದಿಕೊಳ್ಳಿ ಅನ್ನುವ ಅರ್ಥದ ಮಾತು ಬರೆದು ಮುಗಿಸುತ್ತಿದ್ದರು. ತಿದ್ದುವ ಅಧಿಕಾರ ನೇರವಾಗಿ ಓದುಗನಿಗೇ. ಅಚ್ಚಿನ ಯಂತ್ರ ಬಂದ ಮೇಲೆ ಲೆಕ್ಕ ಬದಲಾಯ್ತು. ಒಂದೇ ತಪ್ಪು ಒಂದೇ ಸಲ ಸಾವಿರ ಮನೆಗೆ ಹೋಗುತ್ತೆ. ತಿದ್ದುಪಡಿ ಮಾತ್ರ ಆ ಸಾವಿರ ಮನೆಗೂ ಹೋಗುವುದಿಲ್ಲ. ಪತ್ರಿಕೆಗಳು, ನಿಘಂಟುಗಳು, ವಿಶ್ವಕೋಶಗಳು ಈ ಇಕ್ಕಟ್ಟನ್ನು ಹೇಗೆ ನಿಭಾಯಿಸಿವೆ (ಅಥವಾ ನಿಭಾಯಿಸದೆ ಜಾರಿಕೊಂಡಿವೆ) ಅನ್ನುವುದು ಕೆಲವು ದಿನಗಳಿಂದ ನನ್ನ ತಲೆ ತಿನ್ನುತ್ತಿದೆ. ಅದನ್ನೇ ಇಲ್ಲಿ ಇಳಿಸ್ತಾ ಇದೀನಿ. ಬರಹ ಸ್ವಲ್ಪ ಉದ್ದ, ಕಾಫಿ ಹಿಡಿದುಕೊಂಡು ಕೂತ್ಕೊಳ್ಳಿ :)

ಅಚ್ಚಿನ ತಪ್ಪುಗಳಲ್ಲಿ ಎಲ್ಲಕ್ಕಿಂತ ಪ್ರಸಿದ್ಧವಾದದ್ದು 1631ರದ್ದು. ಲಂಡನ್ನಿನಲ್ಲಿ ರಾಜನ ಮುದ್ರಕರಾಗಿದ್ದ ರಾಬರ್ಟ್ ಬಾರ್ಕರ್ ಮತ್ತು ಮಾರ್ಟಿನ್ ಲೂಕಾಸ್ ಬೈಬಲ್ ಅಚ್ಚು ಹಾಕಿದರು. ಹತ್ತು ಕಟ್ಟಳೆಗಳ ಪೈಕಿ ವ್ಯಭಿಚಾರ ಮಾಡಬಾರದು ಅನ್ನುವ ಕಟ್ಟಳೆಯಲ್ಲಿ "ಬಾರದು" ಅನ್ನುವುದೇ ಬಿಟ್ಟುಹೋಯ್ತು! ಅಂದರೆ ದೇವರೇ ವ್ಯಭಿಚಾರ ಮಾಡು ಅಂದ ಹಾಗಾಯ್ತು. ಮುದ್ರಕರಿಗೆ 300 ಪೌಂಡ್ ದಂಡ ಬಿತ್ತು, ಸಿಕ್ಕ ಪ್ರತಿಗಳನ್ನೆಲ್ಲ ನಾಶ ಮಾಡಿದರು. ಅಲ್ಲಿ ಇಲ್ಲಿ ಉಳಿದ ಕೆಲವೇ ಪ್ರತಿಗಳಿಗೆ ಈಗ ಸಂಗ್ರಹಕಾರರು ದುಡ್ಡು ಸುರೀತಾರೆ. ಸರಿಯಾಗಿ ಅಚ್ಚಾದ ಬೈಬಲ್ಲುಗಳನ್ನು ಕೇಳೋರಿಲ್ಲ!

ಇದು ಓದಿದ ತಕ್ಷಣ ತಪ್ಪು ಅಂತ ಯಾರಿಗಾದರೂ ಗೊತ್ತಾಗುವ ತಪ್ಪು. ಅಪಾಯ ಇರುವುದು ತಪ್ಪು ಅಂತ ಗೊತ್ತಾಗದೇ ಇರುವುದರಲ್ಲಿ. ಅದಕ್ಕೆ ಒಳ್ಳೇ ಉದಾಹರಣೆ "ಡೋರ್ಡ್".

ಅಮೆರಿಕದ ವೆಬ್‌ಸ್ಟರ್ ನಿಘಂಟಿನ ಎರಡನೇ ದೊಡ್ಡ ಆವೃತ್ತಿ 1934ರಲ್ಲಿ ಬಂತು. ಅದರ ರಸಾಯನಶಾಸ್ತ್ರದ ಸಂಪಾದಕ ಆಸ್ಟಿನ್ ಪ್ಯಾಟರ್ಸನ್ 1931ರ ಜುಲೈ 31ರಂದು ಒಂದು ಚೀಟಿ ಬರೆದು ಕಳಿಸಿದ್ದರು. ಸಾಂದ್ರತೆ ಅನ್ನುವುದಕ್ಕೆ ದೊಡ್ಡ "ಡಿ" ಅಥವಾ ಚಿಕ್ಕ "ಡಿ" ಅನ್ನುವ ಸಂಕ್ಷೇಪ ಬಳಸುತ್ತಾರೆ ಅಂತ ಅದರ ಅರ್ಥ. ಇಂಗ್ಲಿಷಿನಲ್ಲಿ "ಡಿ ಆರ್ ಡಿ". ಈ ಚೀಟಿ ಸಂಕ್ಷೇಪಗಳ ಕಟ್ಟಿಗೆ ಹೋಗುವ ಬದಲು ಪದಗಳ ಕಟ್ಟಿಗೆ ಹೋಯ್ತು. ಮುಂದಿನ ಮೇಜಿನವರು "ಡಿ ಆರ್ ಡಿ" ಅನ್ನುವ ನಾಲ್ಕು ಅಕ್ಷರಗಳನ್ನು ಒತ್ತಾಗಿ ಓದಿದರು: "ಡೋರ್ಡ್". ಅರ್ಥ ಚೀಟಿಯಲ್ಲೇ ಇತ್ತು, ಸಾಂದ್ರತೆ. ಇನ್ನೊಬ್ಬರು ಅದಕ್ಕೆ ಉಚ್ಚಾರಣೆಯನ್ನೂ ಕೊಟ್ಟರು. ಮುಗೀತು, ಇಂಗ್ಲಿಷ್ ಭಾಷೆಗೆ ಹೊಸ ಪದ ಹುಟ್ಟಿತು. 1939ರ ಫೆಬ್ರವರಿ 28ರಂದು ಒಬ್ಬ ಸಂಪಾದಕರಿಗೆ ಈ ಪದಕ್ಕೆ ವ್ಯುತ್ಪತ್ತಿಯೇ ಇಲ್ಲವಲ್ಲ ಅಂತ ಅನುಮಾನ ಬಂದು, ಹುಡುಕಿ, ಮೂಲ ಚೀಟಿ ಪತ್ತೆ ಮಾಡಿದರು. ಐದು ವರ್ಷ ಆಗಿತ್ತು ಆಗಲೇ. ಪುಟದಿಂದ ಅದು ಪೂರ್ತಿ ಹೋಗಲು 1947ರವರೆಗೆ ಕಾಯಬೇಕಾಯ್ತು.

ಈ ಕಥೆಯಲ್ಲಿ ನನಗೆ ಹಿಡಿಸಿದ್ದು ಬೇರೆ. ಮುಂದೆ ಅದೇ ನಿಘಂಟಿನ ಪ್ರಧಾನ ಸಂಪಾದಕರಾದ ಫಿಲಿಪ್ ಗೋವ್ 1954ರಲ್ಲಿ ಒಂದು ಭಾಷಾ ಪತ್ರಿಕೆಯಲ್ಲಿ ಇಡೀ ಪ್ರಸಂಗವನ್ನು ಚೀಟಿಯ ಸಮೇತ ಬರೆದುಬಿಟ್ಟರು. ಹಾಗೆ ಬರೆಯದಿದ್ದರೆ? ಪದ ಸದ್ದಿಲ್ಲದೆ ಬಂದು ಸದ್ದಿಲ್ಲದೆ ಹೋಗುತ್ತಿತ್ತು. 1934ರ ಪ್ರತಿ ಇಟ್ಟುಕೊಂಡವರು "ನನ್ನ ನಿಘಂಟಲ್ಲಿದೆ, ನಿನ್ನದರಲ್ಲಿ ಯಾಕಿಲ್ಲ" ಅಂತ ಜಗಳ ಆಡಿಕೊಂಡೇ ಇರ್ತಿದ್ದರು.

ಪತ್ರಿಕೆಗಳ ಕಥೆಗೆ ಬರೋಣ. ನಿಘಂಟಿನ ತಪ್ಪಿನಿಂದ ಯಾರಿಗೂ ಎದೆ ನೋಯಲ್ಲ. ಪತ್ರಿಕೆಯ ತಪ್ಪು ಹಾಗಲ್ಲ, ಅದು ಒಬ್ಬ ಮನುಷ್ಯನ ಮೇಲೆ ಬೀಳುತ್ತೆ.

ರಾಬರ್ಟ್ ಗೊಡಾರ್ಡ್ ಹೆಸರು ಕೇಳಿರ್ತೀರಿ. ಅಮೆರಿಕದ ವೂಸ್ಟರ್ ಊರಿನ ಕ್ಲಾರ್ಕ್ ವಿಶ್ವವಿದ್ಯಾಲಯದಲ್ಲಿ ಭೌತಶಾಸ್ತ್ರ ಕಲಿಸುತ್ತಿದ್ದವರು. ರಾಕೆಟ್ಟಿನಿಂದ ಬಹಳ ಎತ್ತರಕ್ಕೆ ಹೋಗುವುದು ಹೇಗೆ ಅನ್ನುವುದರ ಬಗ್ಗೆ ಅವರು ಬರೆದ ಪ್ರಬಂಧವನ್ನು ಸ್ಮಿತ್‌ಸೋನಿಯನ್ ಸಂಸ್ಥೆ ಪ್ರಕಟಿಸಿತು. ಚಂದ್ರನವರೆಗೂ ಹೋಗಬಹುದು ಅನ್ನುವ ಮಾತು ಅದರಲ್ಲಿ ಹಾದುಹೋಗಿತ್ತು. 1920ರ ಜನವರಿ 13ರಂದು ನ್ಯೂಯಾರ್ಕ್ ಟೈಮ್ಸ್ ಸಂಪಾದಕೀಯ ಪುಟದಲ್ಲಿ ಅವರನ್ನು ಗೇಲಿ ಮಾಡಿತು. ಗಾಳಿಯೇ ಇಲ್ಲದ ಕಡೆ ರಾಕೆಟ್ ಏನನ್ನು ಒತ್ತಿ ಮುಂದಕ್ಕೆ ಹೋಗುತ್ತೆ? ಕ್ರಿಯೆ-ಪ್ರತಿಕ್ರಿಯೆ ಸಂಬಂಧ ಈ ಪ್ರೊಫೆಸರಿಗೆ ಗೊತ್ತಿಲ್ಲ, ಹೈಸ್ಕೂಲಿನಲ್ಲಿ ದಿನಾ ಹೇಳಿಕೊಡುವ ಪಾಠವೂ ಬಂದಿಲ್ಲ, ಅನ್ನುವ ಧಾಟಿ. ಗೊತ್ತಿಲ್ಲದೇ ಇದ್ದದ್ದು ಬರೆದವರಿಗೆ. ರಾಕೆಟ್ ಗಾಳಿಯನ್ನು ಒತ್ತುವುದಿಲ್ಲ, ತನ್ನದೇ ಅನಿಲವನ್ನು ಹಿಂದಕ್ಕೆ ಎಸೆದು ಮುಂದಕ್ಕೆ ಹೋಗುತ್ತೆ. ನ್ಯೂಟನ್ನಿನ ಮೂರನೇ ನಿಯಮ ಹೇಳುವುದೇ ಅದನ್ನು. ಅಷ್ಟೇ ಅಲ್ಲ, ಗೊಡಾರ್ಡ್ ನಿರ್ವಾತದಲ್ಲಿ ಪ್ರಯೋಗ ಮಾಡಿ ನೋಡಿದ್ದರು, ಅದರ ವಿವರ ಅದೇ ಪ್ರಬಂಧದಲ್ಲಿ ಇತ್ತು. ಬೈಯುವ ಮೊದಲು ಓದಬೇಕಿತ್ತು, ಅಷ್ಟೇ.

ಗೊಡಾರ್ಡ್ 1926ರ ಮಾರ್ಚ್ 16ರಂದು ದ್ರವ ಇಂಧನದ ಮೊದಲ ರಾಕೆಟ್ ಹಾರಿಸಿದರು. 1930ರಲ್ಲಿ ನ್ಯೂ ಮೆಕ್ಸಿಕೋದ ರೋಸ್‌ವೆಲ್‌ಗೆ ಹೋಗಿ, ಜನರ ಕಣ್ಣಿಂದ ದೂರ, ಕೆಲಸ ಮುಂದುವರಿಸಿದರು. 1945ರ ಆಗಸ್ಟ್ 10ರಂದು ತೀರಿಕೊಂಡರು. ಅಲ್ಲಿಯವರೆಗೂ ತಿದ್ದುಪಡಿ ಬರಲಿಲ್ಲ. ಅಪೊಲೊ 11 ಚಂದ್ರನ ಕಡೆ ಹೊರಟದ್ದು 1969ರ ಜುಲೈ 16. ಮಾರನೇ ದಿನ, ಜುಲೈ 17ರಂದು, "ತಿದ್ದುಪಡಿ" ಅನ್ನುವ ತಲೆಬರಹದಲ್ಲಿ ಒಂದು ಚಿಕ್ಕ ಟಿಪ್ಪಣಿ ಬಂತು. 1920ರ ಮಾತನ್ನು ನೆನಪಿಸಿ, ರಾಕೆಟ್ ನಿರ್ವಾತದಲ್ಲೂ ಕೆಲಸ ಮಾಡುತ್ತೆ ಅಂತ ಈಗ ಖಚಿತವಾಗಿದೆ, ತಪ್ಪಿಗೆ ಪತ್ರಿಕೆ ವಿಷಾದಿಸುತ್ತದೆ ಅಂತ ಮುಗಿಸಿದ್ದರು.

ಇದನ್ನು ಎಲ್ಲರೂ ತಮಾಷೆಯಾಗಿ ಹೇಳ್ತಾರೆ. ನನಗೆ ಅಷ್ಟು ನಗು ಬರಲ್ಲ. "ಈಗ ಖಚಿತವಾಗಿದೆ" ಅಂದರೆ ಏನರ್ಥ? 1920ರಲ್ಲೂ ಖಚಿತವಾಗೇ ಇತ್ತಲ್ಲ! ಆ ತಿದ್ದುಪಡಿಯಲ್ಲಿ ಇರುವುದು ಚಾಟೂಕ್ತಿ. ಸತ್ತು 24 ವರ್ಷ ಆದವರಿಗೆ ವಿಷಾದ ಹೇಳಿ ಯಾರಿಗೆ ತಲುಪಿಸಿದ ಹಾಗಾಯ್ತು? ಓದುಗರಿಗೆ ಮಾತ್ರ.

ಅದೇ ಪತ್ರಿಕೆಯ ಇನ್ನೊಂದು ತಿದ್ದುಪಡಿ ಇದಕ್ಕಿಂತ ಹಳೇ ತಪ್ಪಿನದು, ಆದರೆ ನನಗೆ ಹೆಚ್ಚು ಒಪ್ಪಿಗೆ ಆದದ್ದು. ಸಾಲೊಮನ್ ನಾರ್ಥಪ್ ಅನ್ನುವ ಸ್ವತಂತ್ರ ಕರಿಯ ಮನುಷ್ಯನನ್ನು 1841ರಲ್ಲಿ ಅಪಹರಿಸಿ ಗುಲಾಮಗಿರಿಗೆ ಮಾರಿದರು. ಹನ್ನೆರಡು ವರ್ಷ ಆದ ಮೇಲೆ 1853ರ ಜನವರಿಯಲ್ಲಿ ಆತ ಬಿಡುಗಡೆಯಾದ. ಜನವರಿ 20ರಂದು ಟೈಮ್ಸ್ ಆತನ ಕಥೆ ಪ್ರಕಟಿಸಿತು. ವರದಿಯೊಳಗೆ ಹೆಸರು ಒಂದು ರೀತಿ ತಪ್ಪು, ತಲೆಬರಹದಲ್ಲಿ ಇನ್ನೊಂದು ರೀತಿ ತಪ್ಪು. 2014ರಲ್ಲಿ ಆತನ ಆತ್ಮಕಥೆ ಆಧರಿಸಿದ ಸಿನಿಮಾಕ್ಕೆ ಆಸ್ಕರ್ ಬಂದಾಗ ಯಾರೋ ಹಳೇ ವರದಿ ತೆಗೆದು ನೋಡಿ ಇದನ್ನು ತೋರಿಸಿದರು. 2014ರ ಮಾರ್ಚ್ 4ರಂದು ತಿದ್ದುಪಡಿ ಬಂತು. 161 ವರ್ಷ!

ಹೆಸರಿನ ಒಂದು ಅಕ್ಷರ ತಾನೇ ಅನ್ನಬಹುದು. ಯೋಚಿಸಿ ನೋಡಿ. ಗುಲಾಮನಾಗಿ ಮಾರಾಟ ಆದ ದಿನದಿಂದ ಆತನ ಹೆಸರನ್ನೇ ಕಿತ್ತುಕೊಂಡು "ಪ್ಲಾಟ್" ಅಂತ ಬೇರೆ ಹೆಸರು ಅಂಟಿಸಿದ್ದರು. ಅಂಥವನು ಬಿಡುಗಡೆಯಾಗಿ ಬಂದಾಗ ಪತ್ರಿಕೆಯಲ್ಲೂ ಹೆಸರು ಸರಿಯಾಗಿ ಬರಲಿಲ್ಲ. ಈ ತಿದ್ದುಪಡಿಯೂ ಆತನಿಗೆ ತಲುಪಲಿಲ್ಲ, ನಿಜ. ಆದರೆ ಇಲ್ಲಿ ಚಾಟೂಕ್ತಿ ಇಲ್ಲ. ಇದು ತಪ್ಪು, ಇದು ಸರಿ, ಇಂಥವರು ತೋರಿಸಿಕೊಟ್ಟರು ಅಂತ ಮಾತ್ರ ಇತ್ತು.

ಅಂದ ಹಾಗೆ, ಪತ್ರಿಕೆ ತನ್ನ ವಯಸ್ಸನ್ನೇ ತಪ್ಪು ಲೆಕ್ಕ ಹಾಕಿಕೊಂಡ ಕಥೆಯೂ ಇದೆ. 1898ರ ಫೆಬ್ರವರಿ 6ರ ಸಂಚಿಕೆಯ ಸಂಖ್ಯೆ 14,499. ಮಾರನೇ ದಿನ 14,500 ಹಾಕುವ ಬದಲು ಯಾರೋ 15,000 ಹಾಕಿಬಿಟ್ಟರು. ಒಂದು ಶತಮಾನ ಯಾರೂ ಗಮನಿಸಲಿಲ್ಲ. 1995ರ ಮಾರ್ಚ್ 14ರಂದು 50,000ನೇ ಸಂಚಿಕೆ ಅಂತ ಸಂಭ್ರಮವೂ ಆಯ್ತು, 500 ದಿನ ಮೊದಲೇ! ಕೊನೆಗೆ ದಿನಾ ಆ ಸಂಖ್ಯೆ ಬದಲಿಸುವ ಕೆಲಸದ ಸಹಾಯಕರೊಬ್ಬರು ಕೂತು ಲೆಕ್ಕ ಹಾಕಿ ಹಿಡಿದರು. 2000ದ ಜನವರಿ 1ರಂದು ಸಂಖ್ಯೆ 51,753ರಿಂದ ಒಮ್ಮೆಲೇ 51,254ಕ್ಕೆ ಇಳಿಯಿತು, ಕಾರಣವನ್ನೂ ಅಚ್ಚು ಹಾಕಿದರು.

ಒಂದು ಕಾಲದಲ್ಲಿ ಪತ್ರಿಕೆಗಳು ತಿದ್ದುಪಡಿಯನ್ನು ಎಲ್ಲೋ ಜಾಹೀರಾತಿನ ಪಕ್ಕದ ಸಂದಿಯಲ್ಲಿ ತುರುಕುತ್ತಿದ್ದವು. ಅದಕ್ಕೆ ಖಾಯಂ ಜಾಗ ಸಿಕ್ಕಿದ್ದು ತೀರ ಈಚೆಗೆ. ಟೈಮ್ಸ್ 1972ರಲ್ಲಿ ತಿದ್ದುಪಡಿಗಳನ್ನು ಒಂದೇ ಶೀರ್ಷಿಕೆಯಡಿ ಹಾಕಲು ಶುರು ಮಾಡಿತು. ಬ್ರಿಟನ್ನಿನ ಗಾರ್ಡಿಯನ್ 1997ರಲ್ಲಿ ಇಯಾನ್ ಮೇಯ್ಸ್ ಅವರನ್ನು ಓದುಗರ ಸಂಪಾದಕರಾಗಿ ನೇಮಿಸಿ ದಿನಾ ತಿದ್ದುಪಡಿ ಅಂಕಣ ತಂದಿತು. ಅದೇ ಮಾದರಿಯಲ್ಲಿ ನಮ್ಮ ಹಿಂದೂ ಪತ್ರಿಕೆ 2006ರ ಮಾರ್ಚಿನಲ್ಲಿ ಕೆ. ನಾರಾಯಣನ್ ಅವರನ್ನು ನೇಮಿಸಿತು. ಅದೊಂದು ಸ್ವತಂತ್ರ ಹುದ್ದೆ. ಸಂಪಾದಕರ ಕೈಕೆಳಗೆ ಇಲ್ಲದ ಒಬ್ಬರು ಓದುಗರ ದೂರು ಕೇಳಿ, ತಪ್ಪಾಗಿದ್ದರೆ ತಪ್ಪು ಅಂತ ಅದೇ ಪತ್ರಿಕೆಯಲ್ಲಿ ಬರೆಯುವುದು.

ಆದರೆ ಈ ಅಂಕಣಗಳನ್ನು ಓದಿದರೆ ಒಂದು ಅನುಮಾನ ಬರುತ್ತೆ. ಇನಿಶಿಯಲ್ ತಪ್ಪು, ತಾರೀಖು ತಪ್ಪು, ಫೋಟೋದಲ್ಲಿ ಎಡಗಡೆಯವರು ಬಲಗಡೆಯವರಾದದ್ದು, ಇವೆಲ್ಲ ಮರುದಿನವೇ ಸರಿಯಾಗುತ್ತವೆ. ದೊಡ್ಡ ತಪ್ಪುಗಳು? ಇರಾಕಿನ ಬಳಿ ಸಮೂಹನಾಶದ ಅಸ್ತ್ರಗಳಿವೆ ಅನ್ನುವ ವರದಿಗಳನ್ನು ಟೈಮ್ಸ್ ಯುದ್ಧಕ್ಕೆ ಮೊದಲು ಮುಖಪುಟದಲ್ಲಿ ಹಾಕಿತ್ತು. ಅವುಗಳಲ್ಲಿ ಹಲವನ್ನು ಇನ್ನಷ್ಟು ಗಟ್ಟಿಯಾಗಿ ಪರೀಕ್ಷಿಸಬೇಕಿತ್ತು ಅಂತ ಸಂಪಾದಕರು ಒಪ್ಪಿಕೊಂಡದ್ದು 2004ರ ಮೇ 26ರಂದು. ಎಲ್ಲಿ ಗೊತ್ತಾ? ಒಳಗೆ, ಹತ್ತನೇ ಪುಟದಲ್ಲಿ. ಅಷ್ಟರಲ್ಲಿ ಯುದ್ಧ ಶುರುವಾಗಿ ಒಂದು ವರ್ಷದ ಮೇಲಾಗಿತ್ತು. ಮುಖಪುಟದ ತಪ್ಪಿಗೆ ಹತ್ತನೇ ಪುಟದ ಒಪ್ಪು! ಒಪ್ಪಿಕೊಂಡರಲ್ಲ ಅದೇ ದೊಡ್ಡದು ಅನ್ನುವವರಿದ್ದಾರೆ, ನಾನು ಆ ಪೈಕಿ ಅಲ್ಲ.

ತಿದ್ದುಪಡಿ ಅನ್ನುವ ಹೆಸರಲ್ಲಿ ಅದಕ್ಕೆ ತದ್ವಿರುದ್ಧವಾದದ್ದೂ ನಡೆದಿದೆ. ಸೋವಿಯತ್ ಮಹಾ ವಿಶ್ವಕೋಶದ ಎರಡನೇ ಆವೃತ್ತಿಯ ಐದನೇ ಸಂಪುಟದಲ್ಲಿ ಲವ್ರೆಂತಿ ಬೇರಿಯಾ ಬಗ್ಗೆ ಚಿತ್ರ ಸಮೇತ ಹೊಗಳಿಕೆಯ ದೊಡ್ಡ ಬರಹ ಇತ್ತು. ಸ್ಟಾಲಿನ್ನನ ಗುಪ್ತ ಪೊಲೀಸ್ ಮುಖ್ಯಸ್ಥನಾಗಿದ್ದ ಈತನನ್ನು 1953ರ ಜೂನಿನಲ್ಲಿ ಬಂಧಿಸಿ ಡಿಸೆಂಬರಿನಲ್ಲಿ ಗುಂಡಿಕ್ಕಿ ಕೊಂದರು. 1954ರಲ್ಲಿ ಚಂದಾದಾರರಿಗೆ ಒಂದು ಲಕೋಟೆ ಬಂತು. 21ರಿಂದ 24ರವರೆಗಿನ ಪುಟಗಳನ್ನು ಕತ್ತರಿಯಿಂದಲೋ ಬ್ಲೇಡಿನಿಂದಲೋ ಕತ್ತರಿಸಿ ತೆಗೆಯಿರಿ, ಅಂಚು ಮಾತ್ರ ಬಿಡಿ, ಆ ಅಂಚಿಗೆ ಈ ಹೊಸ ಪುಟಗಳನ್ನು ಅಂಟಿಸಿ ಅಂತ ಸೂಚನೆ. ಹೊಸ ಪುಟಗಳಲ್ಲಿ ಏನಿತ್ತು? ಬೇರಿಂಗ್ ಸಮುದ್ರದ ಬಗ್ಗೆ ಧಾರಾಳವಾದ ವಿವರ, ಮತ್ತೆ ಬೆರ್ಗ್‌ಹೋಲ್ಟ್ಸ್ ಅನ್ನುವ ಹದಿನೆಂಟನೇ ಶತಮಾನದ ಒಬ್ಬ ಆಸ್ಥಾನಿಕನ ಪರಿಚಯ. ಅಕ್ಷರಕ್ರಮದಲ್ಲಿ ಅಕ್ಕಪಕ್ಕ ಬರುವ ಏನೋ ಒಂದು ಬೇಕಿತ್ತು, ಅಷ್ಟೇ.

ಬೇರಿಯಾ ಬಗ್ಗೆ ಇದ್ದ ಹೊಗಳಿಕೆ ಸುಳ್ಳೇ, ಅದರಲ್ಲಿ ಸಂಶಯ ಇಲ್ಲ. ಅದನ್ನು ತಿದ್ದುವುದಾದರೆ ಆತ ಮಾಡಿದ ಕೊಲೆಗಳನ್ನು ಬರೆಯಬೇಕಿತ್ತು, ನಾವೇ ಹೊಗಳಿದ್ದೆವು ಅನ್ನುವುದನ್ನೂ ಬರೆಯಬೇಕಿತ್ತು. ಬ್ಲೇಡು ಸುಲಭ. ಆದರೆ ಈ ಪುಟಗಳು ಸೋವಿಯತ್ ಹೊರಗಿನ ಗ್ರಂಥಾಲಯಗಳಿಗೂ ಹೋಗಿದ್ದವು, ಅಲ್ಲಿ ಎಲ್ಲರೂ ಕತ್ತರಿಸಲಿಲ್ಲ. ಹಾಗಾಗಿ ಕಥೆ ಉಳಿಯಿತು.

ಈ ಬ್ಲೇಡಿನ ಕೆಲಸ ಇಂಟರ್‌ನೆಟ್ಟಿನಲ್ಲಿ ಇನ್ನೂ ಸಲೀಸು. ಅಂಚೂ ಉಳಿಯಲ್ಲ, ಅಂಟೂ ಬೇಡ. ಬೆಳಿಗ್ಗೆ ಓದಿದ ಸುದ್ದಿ ಸಂಜೆಗೆ ಬೇರೆ ಆಗಿರುತ್ತೆ. ವಿಕಿಪೀಡಿಯಾ 2001ರಲ್ಲಿ ಶುರುವಾದಾಗಿನಿಂದ ಬೈಸಿಕೊಂಡದ್ದು ಬಹಳ, ಆದರೆ ಪುಟದ "ಇತಿಹಾಸ" ಅನ್ನುವ ಕೊಂಡಿಯನ್ನು ಮಾತ್ರ ನಾನು ಸದಾ ಮೆಚ್ಚುತ್ತೇನೆ. ಯಾರು, ಯಾವಾಗ, ಯಾವ ಸಾಲು ಬದಲಾಯಿಸಿದರು ಅನ್ನುವುದೆಲ್ಲ ಅಲ್ಲೇ ಇರುತ್ತೆ.

2005ರ ಡಿಸೆಂಬರಿನಲ್ಲಿ ನೇಚರ್ ಪತ್ರಿಕೆ ವಿಜ್ಞಾನದ 42 ವಿಷಯಗಳಲ್ಲಿ ಬ್ರಿಟಾನಿಕಾ ಮತ್ತು ವಿಕಿಪೀಡಿಯಾ ಬರಹಗಳನ್ನು ತಜ್ಞರಿಂದ ಪರೀಕ್ಷೆ ಮಾಡಿಸಿತು. ವಿಕಿಪೀಡಿಯಾದಲ್ಲಿ 162 ತಪ್ಪು, ಬ್ರಿಟಾನಿಕಾದಲ್ಲಿ 123. ಗಂಭೀರ ತಪ್ಪುಗಳು ಎರಡರಲ್ಲೂ ನಾಲ್ಕು ನಾಲ್ಕು. ಜನ ಈ ಅಂಕಿಗಳ ಮೇಲೇ ಜಗಳ ಆಡಿದರು. ನನಗೆ ಆಮೇಲೆ ಆದದ್ದೇ ಮುಖ್ಯ. ವಿಕಿಪೀಡಿಯಾದವರು ಪಟ್ಟಿ ಇಸ್ಕೊಂಡು ಕೆಲವೇ ವಾರಗಳಲ್ಲಿ ಒಂದೊಂದಾಗಿ ತಿದ್ದಿದರು. ಬ್ರಿಟಾನಿಕಾ 2006ರ ಮಾರ್ಚಿನಲ್ಲಿ ಆ ಅಧ್ಯಯನವೇ ದೋಷಪೂರ್ಣ, ಹಿಂತೆಗೆದುಕೊಳ್ಳಿ ಅಂತ ಉದ್ದನೆಯ ಉತ್ತರ ಹೊರಡಿಸಿತು. ನೇಚರ್ ಒಪ್ಪಲಿಲ್ಲ. ಬ್ರಿಟಾನಿಕಾದ ಆಕ್ಷೇಪಗಳಲ್ಲಿ ತೂಕ ಇರಲಿಲ್ಲ ಅಂತ ನಾನು ಹೇಳಲಾರೆ. ಆದರೆ ಒಬ್ಬರು ಪಟ್ಟಿ ಕೇಳಿದರು, ಇನ್ನೊಬ್ಬರು ಜಾಹೀರಾತು ಕೊಟ್ಟು ವಾದ ಮಾಡಿದರು. ಅದೇ 2005ರ ಶುರುವಿನಲ್ಲಿ ಲಂಡನ್ನಿನ ಹನ್ನೆರಡು ವರ್ಷದ ಹುಡುಗನೊಬ್ಬ ಬ್ರಿಟಾನಿಕಾದಲ್ಲಿ ಐದು ತಪ್ಪು ಹಿಡಿದು ಬರೆದಿದ್ದ. ಹುಡುಗನಿಗೆ ಒಳ್ಳೇ ಉತ್ತರ ಬಂತು, ತಪ್ಪುಗಳನ್ನು ಒಪ್ಪಿಕೊಂಡರು.

ವಿಕಿಪೀಡಿಯಾವನ್ನು ಹೊಗಳಿ ಸುಮ್ಮನಾದರೆ ಅರ್ಧ ಸತ್ಯ ಹೇಳಿದ ಹಾಗೆ. ಅಮೆರಿಕದ ಹಿರಿಯ ಪತ್ರಕರ್ತ ಜಾನ್ ಸೀಗೆಂಥಾಲರ್ ಒಂದು ಕಾಲದಲ್ಲಿ ರಾಬರ್ಟ್ ಕೆನಡಿಯವರ ಸಹಾಯಕರಾಗಿದ್ದವರು. 2005ರ ಮೇ ತಿಂಗಳಲ್ಲಿ ಯಾರೋ ಅವರ ಪುಟದಲ್ಲಿ, ಕೆನಡಿ ಸಹೋದರರ ಹತ್ಯೆಯಲ್ಲಿ ಇವರ ಮೇಲೆ ಅನುಮಾನ ಇತ್ತು ಅಂತ ಬರೆದುಹೋದರು. ಹಸಿ ಸುಳ್ಳು. ನಾಲ್ಕು ತಿಂಗಳಿಗೂ ಹೆಚ್ಚು ಕಾಲ ಅದು ಹಾಗೇ ಇತ್ತು. ಯಾರೂ ನೋಡುವವರಿಲ್ಲದ ಪುಟದಲ್ಲಿ ಸಾವಿರ ಜನ ತಿದ್ದಬಹುದು ಅನ್ನುವುದರಿಂದ ಪ್ರಯೋಜನವೇನು? ವಿಕಿಪೀಡಿಯಾ ತೆಗೆದ ಮೇಲೂ ಅದರಿಂದ ನಕಲು ಮಾಡಿದ ಬೇರೆ ತಾಣಗಳಲ್ಲಿ ಆ ಸುಳ್ಳು ಇನ್ನೂ ಕೆಲವು ವಾರ ಇತ್ತು. ನವೆಂಬರ್ 29ರಂದು ಸೀಗೆಂಥಾಲರ್ ಯುಎಸ್‌ಎ ಟುಡೇ ಪತ್ರಿಕೆಯಲ್ಲಿ ಬರೆದಾಗ ದೊಡ್ಡ ಗಲಾಟೆಯಾಯ್ತು. ಮುಂದಿನ ತಿಂಗಳೇ, ಹೆಸರು ನೋಂದಾಯಿಸದವರು ಇಂಗ್ಲಿಷ್ ವಿಕಿಪೀಡಿಯಾದಲ್ಲಿ ಹೊಸ ಪುಟ ಶುರು ಮಾಡುವಂತಿಲ್ಲ ಅಂತ ನಿಯಮ ಬಂತು.

ಇನ್ನು 2012ರಲ್ಲಿ ಕಾದಂಬರಿಕಾರ ಫಿಲಿಪ್ ರಾತ್ ಪಟ್ಟ ಪಾಡು. "ದಿ ಹ್ಯೂಮನ್ ಸ್ಟೇನ್" ಕಾದಂಬರಿಗೆ ಅನತೋಲ್ ಬ್ರೊಯಾರ್ಡ್ ಅನ್ನುವ ಲೇಖಕರ ಬದುಕು ಪ್ರೇರಣೆ ಅಂತ ವಿಕಿಪೀಡಿಯಾದಲ್ಲಿತ್ತು. ಅಲ್ಲ, ಪ್ರಿನ್ಸ್‌ಟನ್ನಿನ ನನ್ನ ಗೆಳೆಯ ಮೆಲ್ವಿನ್ ಟ್ಯೂಮಿನ್‌ಗೆ ಆದ ಒಂದು ಪ್ರಸಂಗವೇ ಪ್ರೇರಣೆ ಅಂತ ರಾತ್ ತಿದ್ದಲು ಹೋದರು. ಬಂದ ಉತ್ತರ: ನಿಮ್ಮ ಪುಸ್ತಕದ ಬಗ್ಗೆ ನೀವೇ ಹೇಳಿದರೆ ಸಾಲದು, ಬೇರೆ ಆಧಾರ ಬೇಕು! ರಾತ್ ನ್ಯೂಯಾರ್ಕರ್ ತಾಣದಲ್ಲಿ ಬಹಿರಂಗ ಪತ್ರ ಬರೆದರು, ಆಮೇಲೆ ಆ ಪತ್ರವೇ ಆಧಾರವಾಯ್ತು. ನಕ್ಕುಬಿಡಬಹುದು. ಆದರೆ ನಿಯಮ ಪೂರ್ತಿ ಮೂರ್ಖತನದ್ದಲ್ಲ. ವಿಮರ್ಶಕರು ಬ್ರೊಯಾರ್ಡ್ ಹೆಸರು ಹೇಳಿದ್ದು ನಿಜ, ಅದೂ ಒಂದು ಸಂಗತಿ. ತಿದ್ದಬೇಕಾದದ್ದು ವಿಮರ್ಶಕರ ಮಾತನ್ನು ಅಳಿಸಿ ಅಲ್ಲ, ಲೇಖಕರ ಮಾತನ್ನು ಪಕ್ಕದಲ್ಲಿ ಇಟ್ಟು.

ಪಕ್ಕದಲ್ಲಿ ಇಡುವುದು ಅಂದಾಗ ನಮ್ಮಲ್ಲೇ ನೂರು ವರ್ಷದ ಹಿಂದೆ ಆದ ಒಂದು ಕೆಲಸ ನೆನಪಾಗುತ್ತೆ. ಬಿ.ಎಲ್. ರೈಸ್ ಬೆಂಗಳೂರಿನಲ್ಲೇ ಹುಟ್ಟಿದವರು, ಮೈಸೂರು ಸಂಸ್ಥಾನದ ಶಾಸನಗಳನ್ನು ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳಲ್ಲಿ ಹೊರತಂದವರು. ಅವರ ಓದು, ಕಾಲನಿರ್ಣಯಗಳ ಮೇಲೆ ಆಗಲೇ ವಾದಗಳಿದ್ದವು. ಗಂಗರ ತಾಮ್ರಪಟಗಳು ಕೂಟಶಾಸನಗಳು ಅಂತ ಜೆ.ಎಫ್. ಫ್ಲೀಟ್ ಹೇಳಿದರೆ ರೈಸ್ ಒಪ್ಪುತ್ತಿರಲಿಲ್ಲ. ಮುಂದಿನ ವಿದ್ವಾಂಸರು ಇಬ್ಬರನ್ನೂ ಪೂರ್ತಿ ಒಪ್ಪದೆ, ಕೆಲವು ಅಸಲಿ ಕೆಲವು ಕೂಟ ಅಂತ ಬೇರ್ಪಡಿಸಿದರು.

ರೈಸ್ 1889ರಲ್ಲಿ ತಂದ ಶ್ರವಣಬೆಳಗೊಳ ಸಂಪುಟದಲ್ಲಿ 144 ಶಾಸನಗಳಿದ್ದವು. ಅವರು 1906ರಲ್ಲಿ ನಿವೃತ್ತರಾದ ಮೇಲೆ ಅದೇ ಹುದ್ದೆಗೆ ಬಂದ ಆರ್. ನರಸಿಂಹಾಚಾರ್ಯರು (ಕರ್ಣಾಟಕ ಕವಿಚರಿತೆಯ ಅದೇ ನರಸಿಂಹಾಚಾರ್ಯರು) ಬೆಟ್ಟಗಳನ್ನು ಮತ್ತೆ ಹತ್ತಿ, ಮತ್ತೆ ಹುಡುಕಿ, ಮತ್ತೆ ಓದಿದರು. 1923ರಲ್ಲಿ ಬಂದ ಅವರ ಪರಿಷ್ಕೃತ ಸಂಪುಟದಲ್ಲಿ 500 ಶಾಸನಗಳು. ಇಷ್ಟೆಲ್ಲ ಹೊಸದು ಸೇರಿದ ಮೇಲೆ ಹಳೇ ಕ್ರಮಸಂಖ್ಯೆ ಉಳಿಯುವ ಹಾಗಿರಲಿಲ್ಲ, ಎಲ್ಲಕ್ಕೂ ಹೊಸ ಸಂಖ್ಯೆ ಬಂತು. ರೈಸ್ ಅವರ ಸಂಖ್ಯೆಯನ್ನು ಕೈಬಿಟ್ಟಿದ್ದರೂ ಯಾರೂ ಕೇಳುತ್ತಿರಲಿಲ್ಲವೇನೋ. ಆದರೆ ಹೊಸ ಸಂಖ್ಯೆಯ ಪಕ್ಕ ಕಂಸದಲ್ಲಿ ಹಳೇ ಸಂಖ್ಯೆಯನ್ನೂ ಇಟ್ಟರು, 73 (59) ಅನ್ನುವ ಹಾಗೆ. ಮೈಸೂರು ವಿಶ್ವವಿದ್ಯಾಲಯ 1973ರಲ್ಲಿ ಇನ್ನೊಮ್ಮೆ ಪರಿಷ್ಕರಿಸಿದಾಗ ಶಾಸನಗಳು 573 ಆದವು, ಸಂಖ್ಯೆಗಳು ಮತ್ತೆ ಬದಲಾದವು. ಹೊಯ್ಸಳರ ಬಗ್ಗೆ ಯಾವುದೇ ಹಳೇ ಇತಿಹಾಸ ಪುಸ್ತಕದ ಅಡಿಟಿಪ್ಪಣಿ ತೆಗೆದು ನೋಡಿ, ಕಂಸದ ಒಳಗಿನ ಆ ಸಂಖ್ಯೆ ಹಿಡಿದು 1889ರ ರೈಸ್ ಏನು ಓದಿದ್ದರು, ಎಲ್ಲಿ ಬದಲಾಯ್ತು ಅಂತ ಇವತ್ತಿಗೂ ಹಿಂದಕ್ಕೆ ನಡೆದುಹೋಗಬಹುದು.